ಸೊಸೈಟಿಯಲ್ಲಿ ನೌಕರಿ ತಪ್ಪಿದವರು ಯಾವ ಮೆಟ್ಟಿಲು ಹತ್ತಬೇಕು?

ಪ್ರಕಟಣೆಯ ಮೇಲೆ ಹದಿನೈದು ದಿನ ಹಿಂದಿನ ತಾರೀಖಿತ್ತು. ಅಂಟು ಮಾತ್ರ ಇನ್ನೂ ಹಸಿಯಾಗಿತ್ತು.

ಕೆಲವು ವರ್ಷಗಳ ಹಿಂದೆ ಸಂಬಂಧಿಕರೊಬ್ಬರ ಬೆಳೆಸಾಲದ ಕಾಗದಪತ್ರಕ್ಕೆಂದು ಗದಗ ಜಿಲ್ಲೆಯ ಒಂದು ಹಳ್ಳಿಯ ಸೊಸೈಟಿಗೆ ಹೋಗಿದ್ದೆ. ಗೊಬ್ಬರದ ದರಪಟ್ಟಿಯ ಮರೆಯಲ್ಲಿ, ಅರ್ಧ ಮುಚ್ಚಿಹೋಗುವಂತೆ ಆ ಹಾಳೆಯನ್ನು ಅಂಟಿಸಿದ್ದರು. ಒಬ್ಬ ಗುಮಾಸ್ತ, ಒಬ್ಬ ಕಂಪ್ಯೂಟರ್ ಆಪರೇಟರ್ ಬೇಕಾಗಿದ್ದಾರೆ. ಅರ್ಜಿ ಸಲ್ಲಿಸಲು ಮರುದಿನವೇ ಕೊನೆಯ ದಿನ. ಬೆರಳಿಗೆ ಹತ್ತಿದ ಅಂಟನ್ನು ಒರೆಸಿಕೊಳ್ಳುತ್ತ ನಿಂತಿದ್ದ ನನ್ನನ್ನು ನೋಡಿ ಸಂಬಂಧಿಕರು, ‘ಅದನ್ನೇನು ಓದುತ್ತೀರಿ, ಆ ಎರಡೂ ಯಾರಿಗೆ ಎಂಬುದು ಊರಿಗೆಲ್ಲ ಗೊತ್ತು’ ಎಂದರು. ಊರಿಗೆ ಗೊತ್ತಿದ್ದಂತೆಯೇ ಆಯಿತು. ಕೆಲಸ ಸಿಗದ ಹುಡುಗರಲ್ಲಿ ಒಬ್ಬ ಬಿ.ಕಾಂ. ಮುಗಿಸಿದವನು. ಅವನು ಮುಂದೆ ಒಂದು ವರ್ಷ ಸಂಘಗಳ ಮೇಲ್ವಿಚಾರಣೆ ನೋಡುವ ಸಹಕಾರ ಇಲಾಖೆಯ ಸಹಾಯಕ ನಿಬಂಧಕರ (ಅಸಿಸ್ಟೆಂಟ್ ರಿಜಿಸ್ಟ್ರಾರ್) ಕಚೇರಿ, ವಕೀಲರ ಮನೆ, ಧಾರವಾಡದ ಹೈಕೋರ್ಟ್ ಪೀಠ ಎಂದು ಅಲೆದ. ನೇಮಕಾತಿ ನೆಟ್ಟಗಿತ್ತೇ ಎಂದು ಅವನನ್ನು ಯಾರೂ ಕೇಳಲಿಲ್ಲ. ಎಲ್ಲರೂ ಕೇಳಿದ್ದು, ‘ನೀನು ಸಂಘಕ್ಕೆ ಏನಾಗಬೇಕು? ಸದಸ್ಯನೋ, ನೌಕರನೋ?’ ಅವನು ಎರಡೂ ಆಗಿರಲಿಲ್ಲ.

ಸಹಕಾರ ಸಂಘಗಳ ನೇಮಕಾತಿಯನ್ನು ಕಾನೂನಿನಲ್ಲಿ ಪ್ರಶ್ನಿಸುವವರಿಗೆ ಮೊದಲು ಎದುರಾಗುವ ತೊಡಕು ಇದೇ. ಕೆಲಸಕ್ಕೆ ಸೇರಿ, ಆಮೇಲೆ ವಜಾಗೊಂಡವನಿಗೆ ಒಂದು ದಾರಿ ಇದೆ, ದೂರದ್ದಾದರೂ ಇದೆ. ಕೆಲಸವೇ ಸಿಗದವನು ಆ ಕಾನೂನಿನ ಕಣ್ಣಿಗೆ ಬೀಳುವುದೇ ಇಲ್ಲ.

ನಮ್ಮ ಕಡೆ ಇದು ಸಣ್ಣ ಸಂಗತಿಯಲ್ಲ. 1905ರಲ್ಲಿ ಗದಗ ಹತ್ತಿರದ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಕಟ್ಟಿದ ಸಂಘವನ್ನು ಏಷ್ಯಾದ ಮೊದಲ ಕೃಷಿ ಪತ್ತಿನ ಸಹಕಾರ ಸಂಘವೆಂದು ಹೆಮ್ಮೆಯಿಂದ ಹೇಳಿಕೊಳ್ಳುವ ಸೀಮೆ ಇದು. ಧಾರವಾಡ, ಗದಗ, ಹಾವೇರಿ ಮೂರೂ ಜಿಲ್ಲೆಗಳಿಗೆ ಧಾರವಾಡದ ಕೆ.ಸಿ.ಸಿ. ಬ್ಯಾಂಕೇ ಜಿಲ್ಲಾ ಕೇಂದ್ರ ಸಹಕಾರ ಬ್ಯಾಂಕು. ಅದರ ಕೆಳಗೆ ಹಳ್ಳಿಹಳ್ಳಿಯ ಪ್ರಾಥಮಿಕ ಕೃಷಿ ಪತ್ತಿನ ಸಂಘಗಳು, ಪಕ್ಕದಲ್ಲಿ ಹಾಲು ಉತ್ಪಾದಕರ ಸಂಘಗಳು. ಹುಬ್ಬಳ್ಳಿಯಲ್ಲಂತೂ ಓಣಿಗೊಂದು ಪತ್ತಿನ ಸಂಘ, ಸಂಜೆಯಾದರೆ ಅಂಗಡಿಯಿಂದ ಅಂಗಡಿಗೆ ಓಡಾಡುವ ಪಿಗ್ಮಿ ಸಂಗ್ರಹದವರು. ಹಳ್ಳಿಯಲ್ಲಿ ತಿಂಗಳು ತುಂಬುತ್ತಲೇ ಸಂಬಳ ಬರುವ ಕೆಲಸ ಎಂದರೆ ಶಾಲೆಯದು, ಪಂಚಾಯಿತಿಯದು, ಸೊಸೈಟಿಯದು. ಸೊಸೈಟಿ ಗುಮಾಸ್ತನಿಗೆ ಸಂಬಳಕ್ಕಿಂತ ಮಿಗಿಲಾದ ಒಂದು ತೂಕವೂ ಉಂಟು. ಯಾರ ಸಾಲ ಕಟಬಾಕಿ, ಯಾರ ಹೆಸರು ಮನ್ನಾ ಪಟ್ಟಿಯಲ್ಲಿದೆ, ಮುಂದಿನ ಚುನಾವಣೆಗೆ ಯಾರಿಗೆ ಮತದ ಹಕ್ಕು ಉಳಿದಿದೆ ಎಂಬ ಲೆಕ್ಕವೆಲ್ಲ ಅವನ ಪುಸ್ತಕದಲ್ಲಿರುತ್ತದೆ. ಆಡಳಿತ ಮಂಡಳಿಯವರು ‘ನಮ್ಮವರೇ ಇರಲಿ’ ಎನ್ನುವುದು ಇದಕ್ಕೇ.

2022ರ ಜೂನ್‌ನಲ್ಲಿ ಕೇಂದ್ರ ಸರ್ಕಾರ 63,000 ಪ್ರಾಥಮಿಕ ಕೃಷಿ ಪತ್ತಿನ ಸಂಘಗಳ ಗಣಕೀಕರಣಕ್ಕೆ 2,516 ಕೋಟಿ ರೂಪಾಯಿಯ ಯೋಜನೆಗೆ ಒಪ್ಪಿಗೆ ಕೊಟ್ಟಿತು. ಕಂಪ್ಯೂಟರ್ ಬಂದ ಮೇಲೆ ಅದರ ಮುಂದೆ ಕೂರುವವರೂ ಬೇಕು. ಹೊಸ ಹುದ್ದೆ ಹುಟ್ಟಿದ ಕಡೆ ಹೊಸ ತಕರಾರೂ ಹುಟ್ಟುತ್ತದೆ.

ಮೊದಲು ಬೋರ್ಡು ಓದಿ

ಹೊರಗಿನಿಂದ ನೋಡಿದರೆ ಎಲ್ಲವೂ ‘ಸಹಕಾರಿ’ಯೇ. ಆದರೆ ಬೋರ್ಡಿನಲ್ಲಿ ಹೆಸರಿನ ಕೆಳಗೆ ಸಣ್ಣ ಅಕ್ಷರದಲ್ಲಿ ಬರೆದಿರುವ ಕಾಯ್ದೆಯ ಮೇಲೆ ನಿಮ್ಮ ಹಣೆಬರಹ ನಿಂತಿರುತ್ತದೆ. ಹಳೆಯ ಸಂಘಗಳು, ಹಾಲು ಒಕ್ಕೂಟಗಳು, ಜಿಲ್ಲಾ ಬ್ಯಾಂಕು ಇವೆಲ್ಲ 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ ಅಡಿಯಲ್ಲಿವೆ. ‘ಸೌಹಾರ್ದ’ ಎಂಬ ಪದ ಕಂಡರೆ ಅದು 1997ರ ಬೇರೆ ಕಾಯ್ದೆ. ಸರ್ಕಾರದ ಹಂಗು ಕಡಿಮೆ ಮಾಡಲೆಂದೇ ಅದನ್ನು ತಂದದ್ದು, ಹಾಗಾಗಿ ಸಿಬ್ಬಂದಿ ವಿಷಯದಲ್ಲಿ ಮಂಡಳಿಗೆ ಹೆಚ್ಚು ಸ್ವಾತಂತ್ರ್ಯ. ಎರಡು ರಾಜ್ಯಗಳಲ್ಲಿ ವ್ಯವಹಾರ ಮಾಡುವ ಸಂಘಗಳಿಗೆ ಕೇಂದ್ರದ 2002ರ ಬಹುರಾಜ್ಯ ಸಹಕಾರ ಸಂಘಗಳ ಕಾಯ್ದೆ ಅನ್ವಯಿಸುತ್ತದೆ. ಅದರ 84ನೇ ಕಲಂ ವ್ಯಾಜ್ಯಗಳನ್ನು ಮಧ್ಯಸ್ಥಿಕೆಗೆ ಒಪ್ಪಿಸುತ್ತದೆ, ಆದರೆ ಸಂಬಳದ ನೌಕರನ ಮೇಲಿನ ಶಿಸ್ತುಕ್ರಮವನ್ನೂ ಕೈಗಾರಿಕಾ ವಿವಾದವನ್ನೂ ಹೊರಗಿಡುತ್ತದೆ. ಮುಂದೆ ಹೇಳುವುದೆಲ್ಲ ಮುಖ್ಯವಾಗಿ 1959ರ ಕಾಯ್ದೆಯ ಸಂಘಗಳ ಬಗ್ಗೆ. ನಮ್ಮ ಮೂರು ಜಿಲ್ಲೆಗಳ ತಕರಾರುಗಳಲ್ಲಿ ಹೆಚ್ಚಿನವು ಅಲ್ಲಿಯವೇ.

ಹೈಕೋರ್ಟಿಗೆ ನೇರ ಹೋಗಬಹುದೇ?

ಎಲ್ಲರಿಗೂ ಮೊದಲು ಹೊಳೆಯುವುದು ರಿಟ್ ಅರ್ಜಿ, ಅಂದರೆ ಸರ್ಕಾರಕ್ಕೋ ಅಧಿಕಾರಿಗೋ ಆದೇಶ ಕೊಡಿ ಎಂದು ನೇರವಾಗಿ ಹೈಕೋರ್ಟನ್ನು ಕೇಳುವುದು. ಹೊಳೆಯುವುದು ಸಹಜ. 2008ರಲ್ಲಿ ಸಂಚಾರಿ ಪೀಠವಾಗಿ ಬಂದು 2013ರಲ್ಲಿ ಕಾಯಂ ಆದ ಧಾರವಾಡ ಪೀಠ, ರಾಣೆಬೆನ್ನೂರಿನವನಿಗೂ ಮುಂಡರಗಿಯವನಿಗೂ ಬೆಳಿಗ್ಗೆ ಬಸ್ಸು ಹತ್ತಿದರೆ ಸಂಜೆಗೆ ಮನೆ ಸೇರಬಹುದಾದಷ್ಟು ಹತ್ತಿರ. ಮೊದಲಿನಂತೆ ರಾತ್ರಿ ರೈಲು ಹಿಡಿದು ಬೆಂಗಳೂರಿಗೆ ಹೋಗಬೇಕಿಲ್ಲ. ಆದರೆ ಊರಿಗೆ ಹತ್ತಿರವಾದ ಮಾತ್ರಕ್ಕೆ ಅರ್ಜಿ ಅಲ್ಲಿ ನಿಲ್ಲುತ್ತದೆ ಎನ್ನಲಾಗದು.

ಸಮಾನ ಅವಕಾಶ ಕೊಡಿ ಎಂದು ಸಂವಿಧಾನದ 14 ಮತ್ತು 16ನೇ ವಿಧಿಗಳು ಕಟ್ಟಿಹಾಕುವುದು ‘ಪ್ರಭುತ್ವ’ವನ್ನು. ಸಹಕಾರ ಸಂಘ ಪ್ರಭುತ್ವವೇ? ಸರ್ಕಾರ ಅದರೊಳಗೆ ಎಷ್ಟು ಆಳಕ್ಕೆ ಕೈಹಾಕಿದೆ ಎಂಬುದನ್ನು ನೋಡಿ ತೀರ್ಮಾನಿಸಬೇಕು ಎಂಬ ಒರೆಗಲ್ಲನ್ನು ಸುಪ್ರೀಂ ಕೋರ್ಟ್ 1981ರ ಅಜಯ್ ಹಾಸಿಯಾ ಪ್ರಕರಣದಲ್ಲಿ ಕೊಟ್ಟಿತು, 2002ರ ಪ್ರದೀಪ್ ಕುಮಾರ್ ಬಿಸ್ವಾಸ್ ಪ್ರಕರಣದಲ್ಲಿ ಅದನ್ನು ಇನ್ನಷ್ಟು ಬಿಗಿಗೊಳಿಸಿತು. ನಿಬಂಧಕರ ಮೇಲ್ವಿಚಾರಣೆ ಇದೆ, ಸರ್ಕಾರದ ಷೇರು ಸ್ವಲ್ಪ ಇದೆ ಎಂದಷ್ಟೇ ಸಾಲದು. ಹಣ, ಕೆಲಸ, ಆಡಳಿತ ಎಲ್ಲದರಲ್ಲೂ ಸರ್ಕಾರದ ಹಿಡಿತ ಆಳವಾಗಿ, ಎಡೆಬಿಡದೆ ಇರಬೇಕು. ಹಳ್ಳಿಯ ಸೊಸೈಟಿ ಈ ಒರೆಗೆ ನಿಲ್ಲುವುದಿಲ್ಲ. 2006ರಲ್ಲಿ ಹಿಮಾಚಲದ ಕಾಂಗ್ರಾ ಕೇಂದ್ರ ಸಹಕಾರ ಬ್ಯಾಂಕಿನ ಪ್ರಕರಣದಲ್ಲಿ ಒಂದು ಬ್ಯಾಂಕೂ ನಿಲ್ಲಲಿಲ್ಲ.

ಆದರೂ 226ನೇ ವಿಧಿಯಲ್ಲಿ ಒಂದು ಸಂದು ಇದೆ. ಹೈಕೋರ್ಟು ಪ್ರಭುತ್ವಕ್ಕೆ ಮಾತ್ರವಲ್ಲ, ಯಾವುದೇ ‘ವ್ಯಕ್ತಿ’ಗೆ ರಿಟ್ ಹೊರಡಿಸಬಹುದು ಎಂದು ಅಲ್ಲಿದೆ. ಸಾರ್ವಜನಿಕ ಕರ್ತವ್ಯವನ್ನು ನಿಭಾಯಿಸುವ ಖಾಸಗಿ ಸಂಸ್ಥೆಗೂ ರಿಟ್ ತಗಲುತ್ತದೆ ಎಂದು 1989ರಿಂದ ಹೇಳುತ್ತ ಬಂದಿದ್ದಾರೆ. ಅರ್ಜಿದಾರರ ವಕೀಲರು ಇದನ್ನೇ ಹಿಡಿಯುತ್ತಾರೆ. ಆದರೆ 2022ರಲ್ಲಿ ಸೇಂಟ್ ಮೇರೀಸ್ ಶಿಕ್ಷಣ ಸಂಸ್ಥೆಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ಸಂದನ್ನೂ ಕಿರಿದುಗೊಳಿಸಿತು. ಸಂಸ್ಥೆ ಮಾಡುವುದು ಸಾರ್ವಜನಿಕ ಕೆಲಸವೇ ಇರಬಹುದು. ಅದರ ನೌಕರಿಯ ಷರತ್ತುಗಳನ್ನು ಶಾಸನ ನಿಯಂತ್ರಿಸದಿದ್ದರೆ ನೌಕರಿಯ ಜಗಳ ಖಾಸಗಿ ಕರಾರಿನ ಜಗಳವೇ, ರಿಟ್ ನಡೆಯದು ಎಂದಿತು.

ಹಾಗಾದರೆ ಶಾಸನ ಎಲ್ಲಿದೆ ಎಂದು ಹುಡುಕಬೇಕು. ‘ಸಂಘದ ಬೈಲಾದಲ್ಲೇ ಜಾಹೀರಾತು ಕೊಡಬೇಕು ಎಂದಿದೆ’ ಎಂದು ತೋರಿಸಿದರೆ ಸಾಲದು. ಬೈಲಾಕ್ಕೆ ಕಾನೂನಿನ ಬಲವಿಲ್ಲ, ಅದು ಕಂಪನಿಯ ಆಂತರಿಕ ನಿಯಮಗಳ ಹಾಗೆ ಸಂಘ ಮತ್ತು ಅದರವರ ನಡುವಿನ ಕಟ್ಟುಪಾಡು ಅಷ್ಟೇ ಎಂದು ಸುಪ್ರೀಂ ಕೋರ್ಟ್ 1969ರಲ್ಲೇ, ಆಂಧ್ರದ ಕೇಂದ್ರ ಸಹಕಾರ ಬ್ಯಾಂಕುಗಳ ಪ್ರಕರಣದಲ್ಲಿ ಹೇಳಿಬಿಟ್ಟಿದೆ. ಅರ್ಜಿ ಗಟ್ಟಿಯಾಗಬೇಕಾದರೆ ಕಾಯ್ದೆಯನ್ನೋ 1960ರ ನಿಯಮಾವಳಿಯನ್ನೋ ಮುರಿದಿದ್ದಾರೆ ಎಂದು ತೋರಿಸಬೇಕು, ಇಲ್ಲವೇ ನಿಬಂಧಕರ ಆದೇಶವೊಂದನ್ನು ಮೀರಿದ್ದಾರೆ ಎನ್ನಬೇಕು.

ನುರಿತ ವಕೀಲರು ಇಲ್ಲಿ ಒಂದು ಉಪಾಯ ಮಾಡುತ್ತಾರೆ. ಗುರಿಯನ್ನು ಸಂಘದಿಂದ ತೆಗೆದು ನಿಬಂಧಕರ ಮೇಲೆ ಇಡುತ್ತಾರೆ. ಸಂಘ ಪ್ರಭುತ್ವವಲ್ಲದಿರಬಹುದು, ಸಹಾಯಕ ನಿಬಂಧಕರು ನೂರಕ್ಕೆ ನೂರು ಪ್ರಭುತ್ವವೇ. ಅವರಿಗೆ ಕಾಯ್ದೆಯ 64ನೇ ಕಲಂ ಪ್ರಕಾರ ವಿಚಾರಣೆ ನಡೆಸುವ, 65ರ ಪ್ರಕಾರ ಪರಿಶೀಲಿಸುವ ಅಧಿಕಾರವಿದೆ. ದೂರು ಕೊಟ್ಟು ತಿಂಗಳುಗಳಾದರೂ ಅವರು ಕಡತ ತೆರೆದಿಲ್ಲ, ತೆರೆಯುವಂತೆ ಆದೇಶಿಸಿ ಎಂದು ಕೇಳಿದರೆ ಅರ್ಜಿ ನಿಲ್ಲುತ್ತದೆ. ಬರುವ ಆದೇಶ ಸಾಮಾನ್ಯವಾಗಿ ಒಂದೂವರೆ ಪುಟದ್ದು: ಮನವಿಯನ್ನು ಇಷ್ಟು ವಾರದಲ್ಲಿ ಕಾನೂನು ಪ್ರಕಾರ ಪರಿಗಣಿಸಿ. ‘ಪರಿಗಣಿಸಿ’ ಎಂಬ ಈ ಪದ ನೋಡಿ ಹಿಗ್ಗುವವರನ್ನು ಕಂಡಿದ್ದೇನೆ. ಪರಿಗಣಿಸಿ ತಿರಸ್ಕರಿಸುವುದೂ ಪರಿಗಣನೆಯೇ ಎಂಬುದು ಅವರಿಗೆ ಆಮೇಲೆ ತಿಳಿಯುತ್ತದೆ. ಹಾಗೆಂದು ಇದು ವ್ಯರ್ಥವೂ ಅಲ್ಲ. ತಿರಸ್ಕರಿಸಿದ ಆದೇಶಕ್ಕೆ ಕಾರಣ ಬರೆಯಬೇಕಾಗುತ್ತದೆ. ಕಾರಣ ಬರೆದ ಕಾಗದ ಕೈಗೆ ಸಿಕ್ಕರೆ ಮುಂದಿನ ಹೋರಾಟಕ್ಕೆ ನೆಲ ಸಿಕ್ಕಂತೆ.

ಎಪ್ಪತ್ತನೇ ಕಲಂ

ಸಹಕಾರ ಕ್ಷೇತ್ರದಲ್ಲಿ ಇರುವವರಿಗೆ ಈ ಸಂಖ್ಯೆ ಬಾಯಿಪಾಠ. ಸಂಘದ ರಚನೆ, ಆಡಳಿತ, ವ್ಯವಹಾರಕ್ಕೆ ಸಂಬಂಧಿಸಿದ ವ್ಯಾಜ್ಯಗಳು ನಿಬಂಧಕರ ಮುಂದೆಯೇ ಬರಬೇಕು, ಸಿವಿಲ್ ಕೋರ್ಟಿಗೆ ಅಲ್ಲಿ ಕೆಲಸವಿಲ್ಲ ಎಂದು 70ನೇ ಕಲಂ ಹೇಳುತ್ತದೆ. ನಿಬಂಧಕರ ಹೆಸರಿನಲ್ಲಿ ವಿಚಾರಣೆ ನಡೆಸುವವರು ಬಹುತೇಕ ಸಹಾಯಕ ಅಥವಾ ಉಪ ನಿಬಂಧಕರು. ಜನ ಅದನ್ನು ‘ಎ.ಆರ್. (ಅಸಿಸ್ಟೆಂಟ್ ರಿಜಿಸ್ಟ್ರಾರ್) ಕೋರ್ಟು’ ಎಂದೇ ಕರೆಯುತ್ತಾರೆ. ಕಪ್ಪು ಕೋಟು ಇರುತ್ತದೆ, ಕರೆಯುವ ಜವಾನ ಇರುತ್ತಾನೆ. ಆದರೆ ಪೀಠದಲ್ಲಿರುವವರು ಬೆಳಿಗ್ಗೆ ಅದೇ ಮೇಜಿನ ಮೇಲೆ ಅದೇ ಸಂಘದ ಬೇರೊಂದು ಕಡತಕ್ಕೆ ಸಹಿ ಹಾಕಿ ಬಂದ ಅಧಿಕಾರಿ. ಬೈಲಾ ನೋಂದಾಯಿಸುವ, ಮೇಲ್ವಿಚಾರಣೆ ನಡೆಸುವ ಇಲಾಖೆಯೇ ನೇಮಕಾತಿಯ ಜಗಳಕ್ಕೆ ನ್ಯಾಯಾಧೀಶನೂ ಆಗುವುದು ಸರಿಯಲ್ಲ ಎಂಬುದು ನನ್ನ ಅಭಿಪ್ರಾಯ. ಸಾಲ ವಸೂಲಿಯ ದಾವೆಗೆ ಈ ಏರ್ಪಾಡು ಹೊಂದುತ್ತದೆ. ಒಬ್ಬನ ಹೊಟ್ಟೆಪಾಡಿನ ಪ್ರಶ್ನೆಗೆ ಹೊಂದುವುದಿಲ್ಲ.

ನೌಕರನ ಜಗಳ ಈ ಕಲಂನೊಳಗೆ ಬಂದು ಸೇರಿದ ಕತೆಯೂ ಸ್ವಾರಸ್ಯಕರ. ಸೇವಾ ಷರತ್ತಿನ ತಕರಾರು ಸಂಘದ ‘ವ್ಯವಹಾರ’ಕ್ಕೆ ಸಂಬಂಧಿಸಿದ್ದಲ್ಲ ಎಂದು ಮೇಲೆ ಹೇಳಿದ 1969ರ ತೀರ್ಪೇ ಹೇಳಿತ್ತು. ಹಾಗಾಗಿ ಕರ್ನಾಟಕ ಕಾಯ್ದೆಗೆ ತಿದ್ದುಪಡಿ ತಂದು ನೌಕರಿಯ ಷರತ್ತು, ಕೆಲಸದ ಪರಿಸ್ಥಿತಿ, ಶಿಸ್ತುಕ್ರಮ ಇವನ್ನೆಲ್ಲ ಬಿಡಿಸಿ ಬರೆದು ಒಳಗೆ ಸೇರಿಸಿತು. ಕಾರ್ಮಿಕ ನ್ಯಾಯಾಲಯವನ್ನೂ ಹೊರಗಿಟ್ಟಿತು. 2007ರಲ್ಲಿ ವಿಜಯಪುರ ಹಾಲು ಒಕ್ಕೂಟದ ನೌಕರರೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ರಾಷ್ಟ್ರಪತಿಗಳ ಅಂಕಿತ ಪಡೆದ ತಿದ್ದುಪಡಿ ಜಾರಿಗೆ ಬಂದ 2000ದ ಜೂನ್‌ನಿಂದ ಈಚೆಗೆ ಕಾರ್ಮಿಕ ನ್ಯಾಯಾಲಯದ ಅಧಿಕಾರ ಹೋಗಿದೆ ಎಂದು ಸ್ಪಷ್ಟಪಡಿಸಿತು. ಕೇರಳದಲ್ಲಿ ಹಾಗಿಲ್ಲ. ಅಲ್ಲಿ ಸಹಕಾರಿ ಆಸ್ಪತ್ರೆಯ ನೌಕರರೊಬ್ಬರ ಪ್ರಕರಣದಲ್ಲಿ, ಎರಡೂ ದಾರಿಗಳಿವೆ, ನೌಕರ ತನಗೆ ಬೇಕಾದದ್ದನ್ನು ಆರಿಸಿಕೊಳ್ಳಬಹುದು ಎಂದು ಅದೇ ಸುಪ್ರೀಂ ಕೋರ್ಟ್ 2018ರಲ್ಲಿ ಹೇಳಿತು. ಕಾಯ್ದೆಯ ಪದಗಳು ಬೇರೆ, ಆದ್ದರಿಂದ ಹಕ್ಕೂ ಬೇರೆ. ಕೇರಳದ ತೀರ್ಪಿನ ಪ್ರತಿ ಹಿಡಿದು ಹುಬ್ಬಳ್ಳಿಯ ಕಾರ್ಮಿಕ ನ್ಯಾಯಾಲಯಕ್ಕೆ ಹೋದರೆ ಒಂದೆರಡು ವರ್ಷ ಕಳೆದು ಬರಿಗೈಯಲ್ಲಿ ಬರಬೇಕಾದೀತು.

ಎ.ಆರ್. ಕೋರ್ಟಿನ ತೀರ್ಪು ಒಪ್ಪಿಗೆಯಾಗದಿದ್ದರೆ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿ, ಅದೂ ಆಗದಿದ್ದರೆ ಹೈಕೋರ್ಟು. ಇದು ಕೆಲಸದಲ್ಲಿದ್ದವನ, ಕೆಲಸ ಕಳೆದುಕೊಂಡವನ ದಾರಿ.

ಈಗ ನಮ್ಮ ಬಿ.ಕಾಂ. ಹುಡುಗನ ವಿಷಯಕ್ಕೆ ಬನ್ನಿ. ಕಲಂ ಓದುತ್ತ ಹೋದರೆ ಸದಸ್ಯ, ಮಾಜಿ ಸದಸ್ಯ, ಸದಸ್ಯನ ಮೂಲಕ ಹಕ್ಕು ಕೇಳುವವನು, ಮಂಡಳಿ, ಅಧಿಕಾರಿ, ನೌಕರ, ಮಾಜಿ ನೌಕರ, ವಾರಸುದಾರ, ಮತ್ತೊಂದು ಸಂಘ, ಎಲ್ಲರೂ ಸಿಗುತ್ತಾರೆ. ಅರ್ಜಿ ಹಾಕಿ ಕೆಲಸ ಸಿಗದವನು ಎಲ್ಲಿಯೂ ಇಲ್ಲ. ಅವನ ಅಪ್ಪ ಸಂಘದ ಸದಸ್ಯ ಎಂದಿಟ್ಟುಕೊಳ್ಳಿ. ಅಪ್ಪನೇ ‘ಸಂಘದ ಆಡಳಿತ ಕ್ರಮತಪ್ಪಿ ನಡೆದಿದೆ’ ಎಂದು ದಾವೆ ಹೂಡಬಹುದು. ಹೂಡುವವರೂ ಇದ್ದಾರೆ. ಆಗ ಎದುರು ಪಕ್ಷದವರು ಕೇಳುವುದು, ‘ನಿಮಗೆ ಇದರಿಂದ ಸ್ವಂತಕ್ಕೆ ಏನು ನಷ್ಟವಾಯಿತು?’ ನಷ್ಟವಾದ ಮಗ ಸದಸ್ಯನಲ್ಲ, ಸದಸ್ಯನಾದ ಅಪ್ಪನಿಗೆ ಕೆಲಸ ಬೇಕಿಲ್ಲ. ಅಪ್ಪ ಗೆದ್ದರೂ ನೇಮಕಾತಿ ರದ್ದಾಗಬಹುದೇ ಹೊರತು ಮಗನಿಗೆ ಕೆಲಸ ಸಿಗುವುದಿಲ್ಲ.

ಸಿವಿಲ್ ಕೋರ್ಟು? 70ನೇ ಕಲಂ ಒಳಗೆ ಬಾರದವನಿಗೆ ಅದು ತಾತ್ವಿಕವಾಗಿ ಮುಚ್ಚಿಲ್ಲ. ಆದರೆ ಸಂಘದ ವಿರುದ್ಧ ದಾವೆಗೆ ಮುನ್ನ ಎರಡು ತಿಂಗಳ ನೋಟಿಸಿನ ತಕರಾರು ಏಳುತ್ತದೆ. ಅದನ್ನು ದಾಟಿದರೂ ‘ನನ್ನನ್ನು ನೇಮಿಸಿಕೊಳ್ಳಿ’ ಎಂದು ಕೇಳಲು ಆಗದು. ವೈಯಕ್ತಿಕ ಸೇವೆಯ ಕರಾರನ್ನು ಕೋರ್ಟು ಬಲವಂತವಾಗಿ ಜಾರಿ ಮಾಡಿಸುವುದಿಲ್ಲ ಎಂಬುದು ಹಳೆಯ ತತ್ವ.

ಸಂದರ್ಶನದ ಐವತ್ತು ಅಂಕ

ದಾರಿಯ ಮಾತು ಮುಗಿದ ಮೇಲಷ್ಟೇ ನೇಮಕಾತಿ ನೆಟ್ಟಗಿತ್ತೇ ಎಂಬ ಪ್ರಶ್ನೆ. ರೋಣ ಕಡೆಯ ಒಂದು ಸಂಘವನ್ನು ಸುಮ್ಮನೆ ಕಲ್ಪಿಸಿಕೊಳ್ಳಿ. ಒಂದು ಗುಮಾಸ್ತ ಹುದ್ದೆ. ಲಿಖಿತ ಪರೀಕ್ಷೆಗೆ 50, ಸಂದರ್ಶನಕ್ಕೆ 50 ಅಂಕ. ಲಿಖಿತದಲ್ಲಿ 44 ಪಡೆದ ಹುಡುಗಿಗೆ ಸಂದರ್ಶನದಲ್ಲಿ 12. ಲಿಖಿತದಲ್ಲಿ 23 ಪಡೆದ ಹುಡುಗನಿಗೆ ಸಂದರ್ಶನದಲ್ಲಿ 47. ಹುಡುಗ ಒಬ್ಬ ನಿರ್ದೇಶಕರ ಸೋದರಳಿಯ. ಆ ನಿರ್ದೇಶಕರು ಆಯ್ಕೆ ಸಮಿತಿಯಲ್ಲೇ ಕುಳಿತಿದ್ದರು.

ಇದು ಸರ್ಕಾರಿ ನೇಮಕಾತಿಯಾಗಿದ್ದರೆ ಅಂಕಪಟ್ಟಿಯೇ ಅರ್ಧ ಕೇಸು ಗೆದ್ದುಕೊಡುತ್ತಿತ್ತು. ಹರಿಯಾಣದ ಲೋಕಸೇವಾ ಆಯೋಗದ ನೇಮಕಾತಿಯನ್ನು ಪರಿಶೀಲಿಸಿದ ಸುಪ್ರೀಂ ಕೋರ್ಟ್ 1985ರಲ್ಲಿ, ಸಂದರ್ಶನಕ್ಕೆ ಶೇ 33.3 ಮತ್ತು ಶೇ 22.2ರಷ್ಟು ಅಂಕ ಇಟ್ಟದ್ದೂ ಅತಿಯಾಯಿತು ಎಂದಿತ್ತು. ಇಲ್ಲಿ ಶೇ 50. ಸಂಬಂಧಿಯ ಆಯ್ಕೆಯಲ್ಲಿ ತಾನೇ ಕುಳಿತುಕೊಳ್ಳುವುದು ಸಲ್ಲದು ಎಂಬುದಕ್ಕೆ 1969ರ ಕ್ರೈಪಾಕ್ ತೀರ್ಪಿನಿಂದ ಹಿಡಿದು ಸಾಲುಸಾಲು ಆಧಾರಗಳಿವೆ. ಅರ್ಜಿ ಕರೆದ ಮೇಲೆ ಆಯ್ಕೆಯ ಮಾನದಂಡ ಬದಲಿಸಬಾರದು ಎಂಬುದನ್ನು 2024ರ ನವೆಂಬರ್‌ನಲ್ಲಿ ತೇಜ್ ಪ್ರಕಾಶ್ ಪಾಠಕ್ ಪ್ರಕರಣದಲ್ಲಿ ಐವರ ಸಂವಿಧಾನ ಪೀಠ ಮತ್ತೆ ಎತ್ತಿಹಿಡಿಯಿತು. ಕೇವಲ ಉದ್ಯೋಗ ವಿನಿಮಯ ಕಚೇರಿಯಿಂದ ಹೆಸರು ತರಿಸಿಕೊಂಡರೆ ಸಾಲದು, ಪತ್ರಿಕೆಯಲ್ಲೂ ಪ್ರಕಟಿಸಬೇಕು ಎಂದು 1996ರ ತೀರ್ಪು ಹೇಳುತ್ತದೆ. ದರಪಟ್ಟಿಯ ಮರೆಯ ಹಾಳೆ ಈ ಅಳತೆಗೆ ಎಲ್ಲಿ ಸಾಟಿ?

ಆದರೆ ಇವೆಲ್ಲ ಹುಟ್ಟಿದ್ದು ಸರ್ಕಾರಿ ನೌಕರಿಯ ನೆಲದಲ್ಲಿ, 14 ಮತ್ತು 16ನೇ ವಿಧಿಗಳ ನೀರು ಕುಡಿದು. ಸಂಘ ಪ್ರಭುತ್ವವಲ್ಲ ಎಂದಾದ ಮೇಲೆ ಇವನ್ನು ನೇರವಾಗಿ ಅದಕ್ಕೆ ತೊಡಿಸಲು ಬರುವುದಿಲ್ಲ. ಹಾಗಾದರೆ ಹುಡುಗಿ ಏನು ಮಾಡಬೇಕು? ಇಲಾಖೆ ಅನುಮೋದಿಸಿದ ಸೇವಾ ನಿಯಮದಲ್ಲಿ ಅಂಕಗಳ ಹಂಚಿಕೆ ಬರೆದಿದೆಯೇ, ಆಯ್ಕೆ ಸಮಿತಿಯ ರಚನೆ ಹೇಳಿದೆಯೇ ಎಂದು ನೋಡಬೇಕು. ಬರೆದಿದ್ದು ಬೇರೆ, ನಡೆದದ್ದು ಬೇರೆ ಎಂದಾದರೆ ನಿಬಂಧಕರು ಅದನ್ನು ಕಂಡೂ ಸುಮ್ಮನಿದ್ದರು ಎಂಬ ವಾದಕ್ಕೆ ಬಲ ಬರುತ್ತದೆ. ‘ಅನ್ಯಾಯವಾಗಿದೆ’ ಎಂದು ಹತ್ತು ಪುಟ ಬರೆಯುವುದಕ್ಕಿಂತ, ಇಂಥ ನಿಯಮದ ಇಂಥ ಸಾಲಿಗೆ ಇಂಥ ದಿನದ ಠರಾವು ವಿರುದ್ಧವಾಗಿದೆ ಎಂಬ ಒಂದು ವಾಕ್ಯ ಮೇಲು.

ಇನ್ನೆರಡು ಕಡೆ ಜನ ಎಡವುತ್ತಾರೆ. ಸಂದರ್ಶನಕ್ಕೆ ಹಾಜರಾಗಿ, ಫಲಿತಾಂಶಕ್ಕೆ ಕಾದು, ಹೆಸರು ಬಾರದೆ ಇದ್ದಾಗ ‘ಪ್ರಕ್ರಿಯೆಯೇ ತಪ್ಪು’ ಎಂದರೆ ಕೋರ್ಟು ಕಿವಿಗೊಡುವುದಿಲ್ಲ. 1995ರ ಮದನ್ ಲಾಲ್ ತೀರ್ಪನ್ನು ಎದುರು ವಕೀಲರು ಜೇಬಿನಲ್ಲೇ ಇಟ್ಟುಕೊಂಡಿರುತ್ತಾರೆ. ಸಂದರ್ಶನಕ್ಕೆ ಐವತ್ತು ಅಂಕ ಎಂದು ಗೊತ್ತಾದ ದಿನವೇ ಒಂದು ಆಕ್ಷೇಪಣೆ ಪತ್ರ ಕೊಟ್ಟು ಸ್ವೀಕೃತಿ ಪಡೆದಿರಬೇಕು. ಎರಡನೆಯದು, ಆಯ್ಕೆಯಾದವನನ್ನು ಪ್ರತಿವಾದಿ ಮಾಡದೆ ಬಿಡುವುದು. ಅವನೂ ನಮ್ಮೂರ ಹುಡುಗ, ಕೋರ್ಟಿಗೆ ಎಳೆಯುವುದೇಕೆ ಎಂಬ ದಾಕ್ಷಿಣ್ಯ. ಯಾರ ಕೆಲಸ ಹೋಗುತ್ತದೋ ಅವರ ಮಾತು ಕೇಳದೆ ಕೋರ್ಟು ನೇಮಕಾತಿ ರದ್ದು ಮಾಡುವುದಿಲ್ಲ. ದಾಕ್ಷಿಣ್ಯದ ಅರ್ಜಿ ಅಲ್ಲಿಗೇ ಬಿದ್ದುಹೋಗುತ್ತದೆ.

ಒಳಗೆ ಬಂದವನ ಪಾಡು

ಕೆಲಸ ಸಿಕ್ಕವನೂ ನೆಮ್ಮದಿಯಿಂದ ಇರುತ್ತಾನೆ ಎನ್ನುವಂತಿಲ್ಲ. ಮಂಡಳಿಯ ಐದು ವರ್ಷದ ಅವಧಿ ಮುಗಿಯುತ್ತ ಬಂದಾಗ ನೇಮಕಾತಿಯ ಭರಾಟೆ ಏಳುತ್ತದೆ. ಚುನಾವಣೆಯಲ್ಲಿ ಎದುರು ಗುಂಪು ಗೆದ್ದರೆ ಮೊದಲ ಸಭೆಯ ಮೊದಲ ಠರಾವೇ ಹಿಂದಿನವರ ನೇಮಕಾತಿ ರದ್ದು. ನೋಟಿಸ್ ಕೊಡದೆ, ಉತ್ತರ ಕೇಳದೆ ತೆಗೆದರೆ ಸಹಜ ನ್ಯಾಯದ ತತ್ವ ಮುರಿದಂತೆ ಎಂದು 70ನೇ ಕಲಂ ಅಡಿ ದಾವೆ ಹೂಡಬಹುದು, ತಡೆಯಾಜ್ಞೆಯೂ ಸಿಗಬಹುದು. ಆದರೆ ಅದು ಅರ್ಧ ಗೆಲುವು. ಮಂಜೂರಾದ ಹುದ್ದೆಯೇ ಇಲ್ಲದೆ, ಪ್ರಕಟಣೆ ಇಲ್ಲದೆ ಬಂದವನಾದರೆ ಸಂಘ ಕ್ರಮಬದ್ಧವಾಗಿ ನೋಟಿಸ್ ಕೊಟ್ಟು ಮತ್ತೆ ತೆಗೆಯುತ್ತದೆ.

ತಮಿಳುನಾಡು ಸರ್ಕಾರ ಸಹಕಾರ ಸಂಘಗಳಲ್ಲಿ 480 ದಿನ ಕೆಲಸ ಮಾಡಿದವರನ್ನು ಕಾಯಂ ಮಾಡಲು ಆದೇಶ ಹೊರಡಿಸಿತ್ತು. 2004ರಲ್ಲಿ ಉಮಾರಾಣಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ. ಕಾಯ್ದೆ ಮತ್ತು ನಿಯಮಕ್ಕೆ ವಿರುದ್ಧವಾಗಿ ಬಂದವರನ್ನು ಸಕ್ರಮ ಮಾಡುವುದು ನೇಮಕಾತಿಯ ಇನ್ನೊಂದು ದಾರಿಯಾಗಬಾರದು ಎಂದಿತು. ಸಹಕಾರಿ ನೌಕರರ ಮಟ್ಟಿಗೆ ಇದು, ಎರಡು ವರ್ಷದ ಬಳಿಕ ಕರ್ನಾಟಕದ ದಿನಗೂಲಿಗಳ ವಿಷಯದಲ್ಲಿ ಬಂದ, ಅಕ್ರಮ ನೇಮಕವನ್ನು ಕಾಯಂ ಮಾಡಬಾರದೆಂಬ ಪ್ರಸಿದ್ಧ ಉಮಾದೇವಿ ತೀರ್ಪಿಗಿಂತ ನೇರವಾದದ್ದು. ಉಮಾದೇವಿ ತೀರ್ಪಿನ ಬಿಗಿ ಈಚೆಗೆ ಸಡಿಲುತ್ತಿದೆ. ಹತ್ತಾರು ವರ್ಷ ದುಡಿಸಿಕೊಂಡು, ಆ ತೀರ್ಪನ್ನೇ ಗುರಾಣಿ ಮಾಡಿಕೊಂಡು ಹೊರಗೆ ಹಾಕುವುದು ಸಲ್ಲದು ಎಂದು 2024ರ ಡಿಸೆಂಬರ್‌ನ ಜಗ್ಗೋ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಖಾರವಾಗಿಯೇ ಹೇಳಿತು. ಅದು ಕೇಂದ್ರ ಸರ್ಕಾರದ ಇಲಾಖೆಯ ವಿಷಯ. ಸಂಘಗಳಲ್ಲಿ ಹತ್ತು ಹದಿನೈದು ವರ್ಷ ‘ಹಂಗಾಮಿ’ ಎಂದೇ ಕುಳಿತವರ ವಕೀಲರು ಅದನ್ನು ಇಲ್ಲಿಗೂ ತರಲು ಯತ್ನಿಸುವುದು ಸಹಜ. ಹಿಂಬಾಗಿಲಿನಿಂದ ನಿನ್ನೆ ಬಂದವನಿಗೂ ಹದಿನೈದು ವರ್ಷ ಲೆಕ್ಕ ಬರೆದವನಿಗೂ ಒಂದೇ ಅಳತೆ ಹಾಕುವುದು ತಪ್ಪು ಎಂದೇ ನನಗೂ ಅನ್ನಿಸುತ್ತದೆ.

ಪಿಗ್ಮಿ ಸಂಗ್ರಹದವರದು ಇನ್ನೊಂದು ಬಗೆ. ಅವರು ಕಮಿಷನ್ ಏಜೆಂಟರು, ನೌಕರರಲ್ಲ ಎನ್ನುತ್ತವೆ ಸಂಘಗಳು. ವಾಣಿಜ್ಯ ಬ್ಯಾಂಕುಗಳ ಠೇವಣಿ ಸಂಗ್ರಾಹಕರು ಕಾರ್ಮಿಕರೇ ಎಂದು 2001ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಓಣಿಯ ಪತ್ತಿನ ಸಂಘದವರು ಆ ತೀರ್ಪಿನ ಹೆಸರನ್ನೂ ಕೇಳಿದಂತಿಲ್ಲ.

ಇಷ್ಟೆಲ್ಲ ಆದಾಗ ನಷ್ಟ ಯಾರದು? ಅಕ್ರಮ ನೇಮಕಾತಿಯ ಸಂಬಳ ಸಂಘದ ಗಂಟಿನಿಂದ ಹೋಗಿರುತ್ತದೆ, ವಕೀಲರ ಫೀಸೂ ಅಲ್ಲಿಂದಲೇ. ಸಂಘಕ್ಕೆ ಹಾನಿ ಮಾಡಿದ ಮಂಡಳಿಯವರಿಂದ ಸ್ವಂತ ಜೇಬಿನಿಂದ ವಸೂಲಿ ಮಾಡಲು 69ನೇ ಕಲಂ ಇದೆ. ನಿರ್ದೇಶಕರು ನಿಜಕ್ಕೂ ಅಂಜುವುದು ಇದೊಂದಕ್ಕೆ. ನೇಮಕಾತಿ ರದ್ದಾದರೆ ಅವರಿಗೆ ಮುಖಭಂಗ, ಅಷ್ಟೇ. ಮೂರು ವರ್ಷದ ಸಂಬಳ ಕಟ್ಟು ಎಂದರೆ ಹೊಲ ಮಾರಬೇಕು. ದೂರುದಾರರು ಈ ಕಲಂನ ಹೆಸರೆತ್ತುವುದೇ ಅಪರೂಪ.

ಕಾಗದ ಸಿಗುವುದು ಎಲ್ಲಿ?

ಠರಾವಿನ ನಕಲು, ಅಂಕಪಟ್ಟಿ, ಹುದ್ದೆ ಮಂಜೂರಾತಿ ಆದೇಶ ಇವಿಲ್ಲದೆ ಯಾವ ಕೋರ್ಟಿನಲ್ಲೂ ಏನೂ ನಡೆಯದು. ಸಂಘಕ್ಕೆ ಮಾಹಿತಿ ಹಕ್ಕಿನ ಅರ್ಜಿ ಹಾಕಿದರೆ ‘ನಮಗೆ ಅನ್ವಯಿಸುವುದಿಲ್ಲ’ ಎಂಬ ಉತ್ತರ ಬರುತ್ತದೆ. ಸರಿಯಾದ ಉತ್ತರವೇ. ಸಹಕಾರ ಸಂಘ ಸಾರ್ವಜನಿಕ ಪ್ರಾಧಿಕಾರವಲ್ಲ ಎಂದು 2013ರಲ್ಲಿ ಕೇರಳದ ತಲಪ್ಪಲಂ ಸೇವಾ ಸಹಕಾರ ಬ್ಯಾಂಕಿನ ಪ್ರಕರಣದಲ್ಲಿ ತೀರ್ಮಾನವಾಗಿದೆ. ಬಹಳ ಜನ ಅಲ್ಲಿಗೇ ಕೈಚೆಲ್ಲುತ್ತಾರೆ. ಅದೇ ತೀರ್ಪನ್ನು ಮುಂದೆ ಓದಿದರೆ ಇನ್ನೊಂದು ಮಾತಿದೆ: ನಿಬಂಧಕರು ಸಾರ್ವಜನಿಕ ಪ್ರಾಧಿಕಾರ, ಕಾಯ್ದೆಯ ಪ್ರಕಾರ ಅವರು ಸಂಘದಿಂದ ತರಿಸಿಕೊಳ್ಳಬಹುದಾದ ಮಾಹಿತಿಯನ್ನು ಅರ್ಜಿದಾರನಿಗೆ ಒದಗಿಸಬೇಕು. ಹಾಗಾಗಿ ಅರ್ಜಿಯ ವಿಳಾಸದಲ್ಲಿ ಸಂಘದ ಮುಖ್ಯ ಕಾರ್ಯನಿರ್ವಹಣಾಧಿಕಾರಿಯ ಬದಲು ಸಹಾಯಕ ನಿಬಂಧಕರ ಕಚೇರಿಯ ಮಾಹಿತಿ ಅಧಿಕಾರಿ ಎಂದಿರಬೇಕು. ಹತ್ತು ರೂಪಾಯಿಯ ಅರ್ಜಿ, ವಿಳಾಸ ಒಂದು ಸರಿ ಇದ್ದರೆ ಸಾಕು.

ಆ ಹುಡುಗ ಹಾಕಿದ್ದು ಸಂಘಕ್ಕೆ. ಉತ್ತರ ಬಂದಾಗ ಏಳು ತಿಂಗಳಾಗಿತ್ತು. ಎರಡನೆಯ ಅರ್ಜಿ ಹಾಕುವಷ್ಟರಲ್ಲಿ ಆಯ್ಕೆಯಾದವರ ಪರೀಕ್ಷಾರ್ಥ ಅವಧಿಯೂ ಮುಗಿಯುತ್ತ ಬಂದಿತ್ತು. ತಡವಾಗಿ ಬಂದದ್ದೇಕೆ ಎಂದು ಕೇಳಿದರೆ ಕೊಡಲು ಅವನ ಹತ್ತಿರ ಬಸ್ ಟಿಕೆಟ್‌ಗಳಿದ್ದವು, ದಾಖಲೆ ಇರಲಿಲ್ಲ.

ಕಳೆದ ಮಳೆಗಾಲದಲ್ಲಿ ಮತ್ತೆ ಆ ಸೊಸೈಟಿಗೆ ಹೋಗಿದ್ದೆ. ಕಂಪ್ಯೂಟರ್ ಮುಂದೆ ಹೊಸಬಳೊಬ್ಬಳು ಕುಳಿತಿದ್ದಳು. ಯಾವಾಗ ಪ್ರಕಟಣೆ ಹೊರಡಿಸಿದಿರಿ ಎಂದು ಸುಮ್ಮನೆ ವಿಚಾರಿಸಿದೆ. ಕಾರ್ಯದರ್ಶಿಯವರು ನಕ್ಕರು. ಪ್ರಕಟಣೆಯೇ ಇಲ್ಲವಂತೆ, ಠರಾವೂ ಇಲ್ಲ, ಸಂದರ್ಶನವೂ ಇಲ್ಲ. ಹುಬ್ಬಳ್ಳಿಯ ಒಂದು ಹೊರಗುತ್ತಿಗೆ ಏಜೆನ್ಸಿಯಿಂದ ಬಂದವಳು, ಸಂಘ ತಿಂಗಳಿಗೊಂದು ಬಿಲ್ಲು ಪಾವತಿಸುತ್ತದೆ. ‘ಈಗ ಯಾರೂ ಕೋರ್ಟಿಗೆ ಹೋಗುವುದಿಲ್ಲ ನೋಡಿ’ ಎಂದರು. ಹೋಗಲು ಅಲ್ಲಿ ಪ್ರಶ್ನಿಸಬಹುದಾದ ಕಾಗದವೇ ಉಳಿದಿರಲಿಲ್ಲ. ಆ ಹುಡುಗಿ ಊರಿನ ಯಾರ ಮಗಳು ಎಂದು ನಾನು ಕೇಳಲಿಲ್ಲ. ಹೊರಗೆ ಬಂದಾಗ ಸಂಬಂಧಿಕರೇ ಹೇಳಿದರು.